ನೇಮಕಾತಿ ರದ್ದಾದ ಶಿಕ್ಷಕರು ಯಾವ ಬಾಗಿಲು ತಟ್ಟಬೇಕು: ಮನವಿ, ಕೆಎಟಿ, ಹೈಕೋರ್ಟ್, ಇಎಟಿ

ನೇಮಕಾತಿ ರದ್ದಾಯಿತು ಎಂಬ ಹಾಳೆ ಕೈಗೆ ಬಂದ ದಿನ ಬಹುತೇಕರು ಮೊದಲು ಓಡುವುದು ಶಾಸಕರ ಮನೆಗೆ. ಆಮೇಲೆ ಸಂಘದ ಮುಖಂಡರಿಗೆ ಫೋನು, ಆಯುಕ್ತರಿಗೆ ಮನವಿ, ಬೆಂಗಳೂರಿಗೆ ನಾಲ್ಕು ಸಲ ಓಡಾಟ. ವಕೀಲರ ಸರದಿ ಬರುವ ಹೊತ್ತಿಗೆ ಏಳೆಂಟು ತಿಂಗಳು ಕಳೆದಿರುತ್ತದೆ, ಆ ಹುದ್ದೆಗೆ ಕೌನ್ಸೆಲಿಂಗ್ (ಶಾಲೆ ಆರಿಸಿಕೊಳ್ಳುವ ಪ್ರಕ್ರಿಯೆ) ಮುಗಿದು ಬೇರೊಬ್ಬರು ಕರ್ತವ್ಯಕ್ಕೆ ಹಾಜರಾಗಿರುತ್ತಾರೆ. ಇಂಥ ಪ್ರಕರಣಗಳು ನ್ಯಾಯ ಇಲ್ಲದ್ದಕ್ಕೆ ಸೋಲುವುದಕ್ಕಿಂತ ತಪ್ಪು ಬಾಗಿಲು ತಟ್ಟಿದ್ದಕ್ಕೆ, ತಡವಾಗಿ ತಟ್ಟಿದ್ದಕ್ಕೆ ಸೋಲುವುದೇ ಹೆಚ್ಚು. ಇಲ್ಲಿ ಹೋಲಿಸಿರುವುದು ಕರ್ನಾಟಕದ ಶಾಲಾ ಶಿಕ್ಷಕರಿಗಿರುವ ದಾರಿಗಳನ್ನು: ಇಲಾಖೆಗೆ ಮನವಿ, ಸರ್ಕಾರಿ ಶಿಕ್ಷಕರಿಗೆ ಕೆಎಟಿ ಎಂಬ ಆಡಳಿತ ನ್ಯಾಯಮಂಡಳಿ, ಖಾಸಗಿ ಶಾಲೆಯವರಿಗೆ ಇಎಟಿ ಎಂಬ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿ, ಮತ್ತು ಹೈಕೋರ್ಟ್.

ಮೊದಲು ಆ ಹಾಳೆಯನ್ನೇ ಓದಿ

ದಾರಿ ಯಾವುದು ಎಂಬುದು ಆದೇಶದ ಒಳಗೇ ಇರುತ್ತದೆ. ತಲೆಬರಹದಲ್ಲಿ ಯಾವ ಕಚೇರಿ ಇದೆ ನೋಡಿ. ಸರ್ಕಾರಿ ಪ್ರಾಥಮಿಕ ಶಾಲೆಯ ಸಹ ಶಿಕ್ಷಕರಿಗೆ ನೇಮಕಾತಿ ಪ್ರಾಧಿಕಾರ ಜಿಲ್ಲೆಯ ಉಪನಿರ್ದೇಶಕರು, ಅಂದರೆ ಡಿಡಿಪಿಐ. ಬಿಇಒ, ಅಂದರೆ ಕ್ಷೇತ್ರ ಶಿಕ್ಷಣಾಧಿಕಾರಿ, ಸಹಿ ಹಾಕಿ ನೇಮಕಾತಿಯನ್ನೇ ರದ್ದು ಮಾಡಿದ್ದರೆ ಅದೇ ಒಂದು ಗಟ್ಟಿ ಆಕ್ಷೇಪಣೆ. ನೇಮಿಸಿದವರಿಗಿಂತ ಕೆಳಗಿನವರು ವಜಾ ಮಾಡುವಂತಿಲ್ಲ ಎಂದು ಸಂವಿಧಾನದ 311ನೇ ವಿಧಿಯೇ ಹೇಳುತ್ತದೆ. ಆದರೆ ಬಿಇಒ ಕೊಟ್ಟದ್ದು ಬಿಡುಗಡೆಯ ಜ್ಞಾಪನ ಮಾತ್ರ, ರದ್ದತಿ ಆದೇಶ ಡಿಡಿಪಿಐ ಅವರದೇ ಆಗಿದ್ದು ನಿಮಗೆ ತಲುಪಿಲ್ಲ ಎಂಬ ಸಂದರ್ಭವೂ ಇರುತ್ತದೆ. ಆಗ ಆ ಮೂಲ ಆದೇಶದ ಪ್ರತಿ ಪಡೆಯಬೇಕು. ಜ್ಞಾಪನವನ್ನಷ್ಟೇ ಪ್ರಶ್ನಿಸಿ ಬಂದವರಿಗೆ 'ಮೂಲ ಆದೇಶ ಎಲ್ಲಿ?' ಎಂಬ ಪ್ರಶ್ನೆ ಮೊದಲ ದಿನವೇ ಎದುರಾಗುತ್ತದೆ.

ಅದರ ಕೆಳಗೆ 'ಉಲ್ಲೇಖ' ಎಂದು ಒಂದರ ಕೆಳಗೊಂದು ಸಂಖ್ಯೆ, ದಿನಾಂಕಗಳಿರುತ್ತವೆ. ಜನ ಅದನ್ನು ಬಿಟ್ಟು ಕೊನೆಯ ಪ್ಯಾರಾಕ್ಕೆ ಹೋಗುತ್ತಾರೆ. ಆದರೆ ಜೀವ ಇರುವುದು ಉಲ್ಲೇಖದಲ್ಲೇ. ಅಲ್ಲಿ ನಿಮಗೆ ಕೊಟ್ಟ ಕಾರಣ ಕೇಳುವ ನೋಟಿಸ್ ಇದೆಯೇ? ನಿಮ್ಮ ಸಮಜಾಯಿಷಿಯ ದಿನಾಂಕ ಇದೆಯೇ? ನೀವು ನೋಡಿಯೇ ಇಲ್ಲದ ತಹಶೀಲ್ದಾರರ ವರದಿಯೋ ವಿಶ್ವವಿದ್ಯಾಲಯದ ನೈಜತೆ ಪತ್ರವೋ ಇದೆಯೇ? ಅವುಗಳ ಪ್ರತಿ ಕೊಡದೆ ಅವುಗಳ ಮೇಲೆಯೇ ತೀರ್ಮಾನ ಮಾಡಿದ್ದರೆ ಸಹಜ ನ್ಯಾಯ, ಅಂದರೆ ಬಾಧಿತರ ಮಾತು ಕೇಳಿಯೇ ತೀರ್ಮಾನಿಸಬೇಕು ಎಂಬ ತತ್ವ, ಮುರಿದುಬಿತ್ತು. ಆದೇಶದಲ್ಲಿ ಬರೆದ ಕಾರಣ ಬಿಟ್ಟು ಹೊಸ ಕಾರಣಗಳನ್ನು ಇಲಾಖೆ ಆಮೇಲೆ ನ್ಯಾಯಾಲಯಕ್ಕೆ ಕೊಡುವ ಅಫಿಡವಿಟ್‌ನಲ್ಲಿ ಪೋಣಿಸುವಂತಿಲ್ಲ ಎಂಬುದು 1978ರ ಮೊಹಿಂದರ್ ಸಿಂಗ್ ಗಿಲ್ ತೀರ್ಪಿನಿಂದ ನಿಂತಿರುವ ನಿಯಮ. ಹಾಗಾಗಿ ಆದೇಶದಲ್ಲಿ ಇರುವ ಕಾರಣಗಳನ್ನು ಒಂದು ಕಾಗದದಲ್ಲಿ ಬರೆದುಕೊಳ್ಳಿ. ನೀವು ಉತ್ತರಿಸಬೇಕಾದ್ದು ಅಷ್ಟಕ್ಕೇ.

ಇನ್ನೊಂದು: ಲಕೋಟೆ ಎಸೆಯಬೇಡಿ. ಅವಧಿಯ ಲೆಕ್ಕ ಹಾಕುವಾಗ ಆದೇಶ ನಿಮ್ಮ ಕೈಸೇರಿದ ದಿನವನ್ನು ಸಾಬೀತು ಮಾಡುವುದು ಅದರ ಮೇಲಿನ ಅಂಚೆ ಮುದ್ರೆ. ಮುಖ್ಯ ಶಿಕ್ಷಕರ ಮೂಲಕ ಜಾರಿಯಾದರೆ ಸ್ವೀಕೃತಿ ಸಹಿಯ ಪಕ್ಕ ದಿನಾಂಕವನ್ನು ನಿಮ್ಮ ಕೈಯಲ್ಲೇ ಬರೆಯಿರಿ. 'ತಕರಾರಿನೊಂದಿಗೆ ಸ್ವೀಕರಿಸಿದೆ' ಎಂದು ಸೇರಿಸಿದರೆ ನಷ್ಟವಿಲ್ಲ.

ಸರ್ಕಾರಿ ಶಾಲೆ: ಕೆಎಟಿ ಮೊದಲು, ಹೈಕೋರ್ಟ್ ಆಮೇಲೆ

ಸರ್ಕಾರಿ ಪ್ರಾಥಮಿಕ, ಪ್ರೌಢಶಾಲೆಗಳ ಶಿಕ್ಷಕರು ರಾಜ್ಯದ ನಾಗರಿಕ ಸೇವೆಯವರು. ಅವರ ಸೇವೆಯಷ್ಟೇ ಅಲ್ಲ, ನೇಮಕಾತಿ ಪ್ರಕ್ರಿಯೆಯ ತಕರಾರೂ 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 15ನೇ ಕಲಮಿನಡಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಸೇರಿದ್ದು. ಎಲ್ಲರ ಬಾಯಲ್ಲಿ ಅದು ಕೆಎಟಿ. ಪ್ರಧಾನ ಪೀಠ ಬೆಂಗಳೂರಿನ ಕಂದಾಯ ಭವನದಲ್ಲಿದೆ, ಬೆಳಗಾವಿ ಮತ್ತು ಕಲಬುರಗಿಯಲ್ಲೂ ಪೀಠಗಳಿವೆ. ಧಾರವಾಡದಲ್ಲಿರುವುದು ಹೈಕೋರ್ಟ್ ಪೀಠ, ಕೆಎಟಿ ಅಲ್ಲ. ಆ ಭಾಗದವರು ಇದರಲ್ಲಿ ಎಡವುವುದುಂಟು.

'ನಮ್ಮದು ಮೂಲಭೂತ ಹಕ್ಕಿನ ಪ್ರಶ್ನೆ, ನೇರ ಹೈಕೋರ್ಟಿಗೆ ರಿಟ್ ಹಾಕೋಣ' ಎಂಬ ಸಲಹೆ ಈಗಲೂ ಸಿಗುತ್ತದೆ. ರಿಟ್ ಎಂದರೆ ಸರ್ಕಾರದ ಆದೇಶವನ್ನು ನೇರ ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ. 1997ರ ಎಲ್. ಚಂದ್ರಕುಮಾರ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಈ ಕ್ರಮವನ್ನು ಸ್ಪಷ್ಟಪಡಿಸಿದೆ: ಮೊದಲು ನ್ಯಾಯಮಂಡಳಿ, ಅಲ್ಲಿ ಸೋತವರಿಗೆ ಹೈಕೋರ್ಟಿನ ವಿಭಾಗೀಯ ಪೀಠ. ಇದನ್ನು ಕಡೆಗಣಿಸಿದರೆ ಏನಾಗುತ್ತದೆ ಎಂಬುದಕ್ಕೆ ನಮ್ಮ ರಾಜ್ಯದ ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿಯೇ ಪಾಠ. 2022ರ ಮಾರ್ಚ್‌ನಲ್ಲಿ 15,000 ಹುದ್ದೆಗಳಿಗೆ ಅಧಿಸೂಚನೆ ಬಂತು, ನವೆಂಬರ್‌ನಲ್ಲಿ ತಾತ್ಕಾಲಿಕ ಆಯ್ಕೆಪಟ್ಟಿ. ಮದುವೆಯಾದ ಮಹಿಳೆಯರು ತಂದೆಯ ಹೆಸರಿನ ಜಾತಿ-ಆದಾಯ ಪ್ರಮಾಣಪತ್ರ ಕೊಟ್ಟಿದ್ದಾರೆ, ಗಂಡನ ಹೆಸರಿನದಲ್ಲ ಎಂದು ಅವರನ್ನು ಸಾಮಾನ್ಯ ವರ್ಗಕ್ಕೆ ತಳ್ಳಲಾಗಿತ್ತು. 2023ರ ಜನವರಿಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದುಮಾಡಿತು. ಮಾರ್ಚ್‌ನಲ್ಲಿ ಹೊಸ ಪಟ್ಟಿ ಬಂದು, ಮೊದಲ ಪಟ್ಟಿಯಲ್ಲಿದ್ದ ಕೆಲವರು ಹೊರಬಿದ್ದರು. ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠ ಏಕಸದಸ್ಯ ಪೀಠದ ಆದೇಶವನ್ನೇ ಬದಿಗಿಟ್ಟು, ಇದು ಕೆಎಟಿಯಲ್ಲಿ ತೀರ್ಮಾನವಾಗಬೇಕಾದ ವಿಚಾರ ಎಂದಿತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು. ತಂದೆಯ ಪ್ರಮಾಣಪತ್ರ ಸರಿಯೋ ಗಂಡನದು ಸರಿಯೋ ಎಂಬ ಅಸಲಿ ಪ್ರಶ್ನೆಗೆ ಬರುವ ಮೊದಲೇ, ಬಾಗಿಲು ಯಾವುದೆಂದು ತಿಳಿಯಲು ಎರಡೂಮುಕ್ಕಾಲು ವರ್ಷ ಹೋಯಿತು.

ಹೈಕೋರ್ಟ್ ರಿಟ್‌ಗೆ ನಿಗದಿತ ಕಾಲಮಿತಿ ಇಲ್ಲ, ಕೆಎಟಿಗೆ ಇದೆ. ಅದಕ್ಕೇ ಕೆಲವರಿಗೆ ರಿಟ್ ಆಕರ್ಷಕವಾಗಿ ಕಾಣುವುದು. ಆದರೆ ಕೆಎಟಿಯ ಕಾಲ ಮುಗಿದ ಮೇಲೆ ರಿಟ್ ಹಾಕಿ ತಪ್ಪಿಸಿಕೊಳ್ಳುವ ದಾರಿ ಅದಲ್ಲ. ತಿರುಗಿ ಕೆಎಟಿಗೇ ಕಳಿಸುತ್ತಾರೆ, ಅಲ್ಲಿ ವಿಳಂಬ ಮನ್ನಾ ಅರ್ಜಿ ಹಿಡಿದು ನಿಲ್ಲಬೇಕು.

ಒಂದು ವರ್ಷದ ಗಡಿಯಾರ

ಅದೇ 1985ರ ಕಾಯ್ದೆಯ 21ನೇ ಕಲಮಿನ ಪ್ರಕಾರ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಕೆಎಟಿ ಅರ್ಜಿ ಬೀಳಬೇಕು. ಸೇವಾ ನಿಯಮದಲ್ಲಿ ಮೇಲ್ಮನವಿಗೆ ಅವಕಾಶವಿದ್ದು, ನೀವು ಸಲ್ಲಿಸಿ ಆರು ತಿಂಗಳಾದರೂ ತೀರ್ಮಾನವಾಗದಿದ್ದರೆ, ಆ ಆರು ತಿಂಗಳು ಮುಗಿದ ದಿನದಿಂದ ಒಂದು ವರ್ಷ. ಲೆಕ್ಕ ಹೀಗೆ: ಆದೇಶ 2026ರ ಫೆಬ್ರವರಿ 12ಕ್ಕೆ ಕೈಸೇರಿತು ಎಂದಿಟ್ಟುಕೊಳ್ಳಿ. ಮೇಲ್ಮನವಿ ಇಲ್ಲದೆ ಹೋದರೆ 2027ರ ಫೆಬ್ರವರಿ 12 ದಾಟಬಾರದು. ಏಪ್ರಿಲ್ 1ಕ್ಕೆ ಮೇಲ್ಮನವಿ ಹಾಕಿ ಉತ್ತರ ಬಾರದಿದ್ದರೆ ಆರು ತಿಂಗಳು ಅಕ್ಟೋಬರ್ 1ಕ್ಕೆ ಮುಗಿಯುತ್ತದೆ, ಅಲ್ಲಿಂದ 2027ರ ಅಕ್ಟೋಬರ್ 1ರವರೆಗೆ.

ಎಡವುವುದು ಇಲ್ಲಿ: ಈ ಆರು ತಿಂಗಳ ಲಾಭ ನಿಯಮದಲ್ಲಿರುವ ಮೇಲ್ಮನವಿಗೆ ಮಾತ್ರ. ಮುಖ್ಯಮಂತ್ರಿಗೆ, ಶಿಕ್ಷಣ ಸಚಿವರಿಗೆ ಬರೆದ ಮನವಿಗಳು ಗಡಿಯಾರವನ್ನು ನಿಲ್ಲಿಸುವುದಿಲ್ಲ. ರಾಜ್ಯಪಾಲರಿಗೆ ಕೊಡುವ ಮನವಿಯನ್ನು ಮುಗಿಸಬೇಕಾದ ಪರಿಹಾರವೆಂದು ಪರಿಗಣಿಸುವುದಿಲ್ಲ ಎಂದು 20ನೇ ಕಲಮೇ ಹೇಳಿದೆ. 1989ರ ಎಸ್.ಎಸ್. ರಾಥೋರ್ ತೀರ್ಪಿನ ಸಾರವೂ ಇದೇ: ಮೇಲಿಂದ ಮೇಲೆ ಮನವಿ ಕೊಟ್ಟರೆ ಕಾಲಾವಧಿ ಬೆಳೆಯದು. ಮನವಿಗೆ ಎರಡು ವರ್ಷ ಬಿಟ್ಟು 'ಪರಿಶೀಲಿಸಲು ಅವಕಾಶವಿಲ್ಲ' ಎಂಬ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಬಂದರೂ ಸತ್ತ ಹಕ್ಕಿಗೆ ಜೀವ ಬರುವುದಿಲ್ಲ. ಹಿಂಬರಹವನ್ನೇ ಹೊಸ ಆದೇಶವೆಂದು ತೋರಿಸಿ ಅರ್ಜಿ ಹಾಕುವುದು ಹಳೆಯ ಪಟ್ಟು. ನ್ಯಾಯಮಂಡಳಿಗೂ ಅದು ಗೊತ್ತು.

ಹಾಗಾದರೆ ಮನವಿಯೇ ಬೇಡವೇ? ಬೇಕು, ಒಂದು ಬಗೆಯ ಪ್ರಕರಣಕ್ಕೆ. ಕಚೇರಿಯ ಕಣ್ತಪ್ಪಿನಿಂದ ರದ್ದಾಗಿದ್ದರೆ ಅದಕ್ಕಿಂತ ಬೇಗದ ದಾರಿ ಇನ್ನೊಂದಿಲ್ಲ. ಜಾತಿ-ಆದಾಯ ಪ್ರಮಾಣಪತ್ರದ ಆರ್‌ಡಿ (ನೋಂದಣಿ) ಸಂಖ್ಯೆಯಲ್ಲಿ ಒಂದು ಅಂಕಿ ತಪ್ಪಾಗಿ ನಮೂದಾಗಿ ನಾಡಕಚೇರಿ ತಂತ್ರಾಂಶದಲ್ಲಿ 'ದಾಖಲೆ ಇಲ್ಲ' ಎಂದು ಬಂದಿದೆ, ಹಿಂದುಳಿದ ವರ್ಗದ ಪ್ರವರ್ಗ 2ಎ ಬದಲು 3ಎ ಎಂದು ಓದಿದ್ದಾರೆ, ಅಂಕಪಟ್ಟಿಯ ಶೇಕಡಾವಾರು ಲೆಕ್ಕ ತಪ್ಪಿದೆ. ಇಂಥವಕ್ಕೆ ಎರಡೇ ಪುಟದ ಮನವಿ, ಜೊತೆಗೆ ತಹಶೀಲ್ದಾರರಿಂದ ಪಡೆದ ದೃಢೀಕರಣ ಪತ್ರ. ಟಪಾಲು ಶಾಖೆಯಲ್ಲಿ ಕೊಟ್ಟು ನಿಮ್ಮ ಪ್ರತಿಯ ಮೇಲೆ ಸೀಲು, ದಿನಾಂಕ ಹಾಕಿಸಿಕೊಳ್ಳಿ. ಇನ್ನೊಂದು ಪ್ರತಿ ಸ್ಪೀಡ್ ಪೋಸ್ಟ್‌ನಲ್ಲಿ ಹೋಗಲಿ. ಮೂವತ್ತು ದಿನ ಕಾಯಿರಿ, ಅದಕ್ಕಿಂತ ಹೆಚ್ಚಲ್ಲ. ಮಧ್ಯೆ ಹೊಸ ಕೌನ್ಸೆಲಿಂಗ್ ಪ್ರಕಟವಾದರೆ ಆ ಮೂವತ್ತು ದಿನವೂ ಕಾಯಬೇಡಿ. ಕಾನೂನಿನ ವ್ಯಾಖ್ಯಾನದ ತಕರಾರಿದ್ದರೆ, ಅಂದರೆ ಅರ್ಹತೆಯ ಅರ್ಥ, ಮೀಸಲಾತಿಯ ನಿಯಮ ಇತ್ಯಾದಿ, ಡಿಡಿಪಿಐ ತಮ್ಮ ಆದೇಶವನ್ನು ತಾವೇ ಹಿಂಪಡೆಯುವುದು ಅಪರೂಪ. ಅಲ್ಲಿ ಮನವಿ ಬರೀ ಕಾಲಹರಣ.

ಶಿಸ್ತು ಕ್ರಮದ ದಂಡನೆಯಾಗಿ ಕೆಲಸ ಹೋಗಿದ್ದರೆ 1957ರ ಸಿಸಿಎ ನಿಯಮಗಳಡಿ (ಸರ್ಕಾರಿ ನೌಕರರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳು) ಮೇಲ್ಮನವಿ ಉಂಟು. ಇದನ್ನು ಬಿಟ್ಟು ನೇರ ಕೆಎಟಿಗೆ ಹೋದರೆ ಇಲಾಖೆಯೊಳಗಿನ ಪರಿಹಾರ ಮುಗಿಸಿಯೇ ಬನ್ನಿ ಎನ್ನುವ 20ನೇ ಕಲಂ ಅಡ್ಡ ಬರುತ್ತದೆ. ಆದರೆ ಆ ಕಲಮಿನಲ್ಲಿ 'ಸಾಮಾನ್ಯವಾಗಿ' ಎಂಬ ಪದ ಇದೆ. ನೋಟಿಸೇ ಇಲ್ಲದೆ ರದ್ದು, ಅಧಿಕಾರವಿಲ್ಲದವರ ಆದೇಶ ಇಂಥ ಕಡೆ ಆ ಪದವೇ ಕಿಂಡಿ.

ಅರ್ಜಿಯಲ್ಲಿ ಏನು ಕೇಳಬೇಕು

ಮಧ್ಯಂತರ ಆದೇಶವೇ ಅರ್ಧ ಪ್ರಕರಣ. 'ರದ್ದತಿ ಆದೇಶಕ್ಕೆ ತಡೆಯಾಜ್ಞೆ ಕೊಡಿ' ಎಂದು ಒಂದೇ ಸಾಲು ಬರೆದರೆ, ನೀವು ಆಗಲೇ ಬಿಡುಗಡೆಯಾಗಿದ್ದರೆ ಸರ್ಕಾರಿ ವಕೀಲರು 'ಆದೇಶ ಜಾರಿಯಾಗಿಬಿಟ್ಟಿದೆ' ಎನ್ನುತ್ತಾರೆ, ಅಲ್ಲಿಗೆ ಮಾತು ಮುಗಿಯಿತು. ಆದ್ದರಿಂದ ಬದಲಿ ಕೋರಿಕೆ ಬೇಕು: ಅದೇ ಜಿಲ್ಲೆ, ಅದೇ ವಿಷಯ, ಅದೇ ಮೀಸಲು ವರ್ಗದಲ್ಲಿ ಒಂದು ಹುದ್ದೆಯನ್ನು ಅರ್ಜಿ ಇತ್ಯರ್ಥವಾಗುವವರೆಗೆ ಖಾಲಿ ಇಡಬೇಕು ಎಂದು. ಕೆಲಸಕ್ಕೆ ವಾಪಸ್ ಕಳಿಸಲು ಹಿಂಜರಿಯುವ ಪೀಠವೂ ಇದಕ್ಕೆ ಒಪ್ಪುವ ಸಾಧ್ಯತೆ ಹೆಚ್ಚು, ಇದರಿಂದ ಯಾರಿಗೂ ತಕ್ಷಣದ ಹಾನಿ ಇಲ್ಲ.

24ನೇ ಕಲಮಿನ ಪ್ರಕಾರ ಎದುರುದಾರರಿಗೆ ಪ್ರತಿ ಕೊಟ್ಟು ಅವರ ಮಾತು ಕೇಳದೆ ಮಧ್ಯಂತರ ಆದೇಶ ಕೊಡುವಂತಿಲ್ಲ. ಹಣದಿಂದ ತುಂಬಲಾಗದ ನಷ್ಟವಿದ್ದರೆ ಮಾತ್ರ ವಿನಾಯಿತಿ, ಅದೂ ಹದಿನಾಲ್ಕು ದಿನಕ್ಕೆ. ಅಷ್ಟರೊಳಗೆ ಪ್ರತಿ ಜಾರಿಯಾಗಿ ಆದೇಶ ಮುಂದುವರಿಯದಿದ್ದರೆ ಅದು ತಾನಾಗಿ ಬಿದ್ದುಹೋಗುತ್ತದೆ. ಅರ್ಜಿ ದಾಖಲಾದ ದಿನವೇ ಸರ್ಕಾರಿ ವಕೀಲರ ಕಚೇರಿಗೆ ಪ್ರತಿ ಕೊಟ್ಟು ಸ್ವೀಕೃತಿ ತೆಗೆದುಕೊಂಡರೆ ಈ ಗುಂಡಿ ತಪ್ಪುತ್ತದೆ.

ಎದುರುದಾರರ ಪಟ್ಟಿಯಲ್ಲಿ ಇಲಾಖೆ ಒಂದನ್ನೇ ಹಾಕುವುದು ಮತ್ತೊಂದು ತಪ್ಪು. ನಿಮ್ಮ ಜಾಗಕ್ಕೆ ಬಂದವರು, ನೀವು ಗೆದ್ದರೆ ಪಟ್ಟಿಯಿಂದ ಹೊರಬೀಳುವವರು ಯಾರೋ ಅವರಲ್ಲಿ ಕೆಲವರನ್ನಾದರೂ ಪಕ್ಷಕಾರರನ್ನಾಗಿ ಮಾಡಬೇಕು. 1984ರ ಪ್ರಬೋಧ್ ವರ್ಮಾ ಪ್ರಕರಣ ಉತ್ತರ ಪ್ರದೇಶದ ಶಿಕ್ಷಕರದೇ. ಬಾಧಿತರನ್ನು ಸೇರಿಸದೆ ಪಡೆದ ತೀರ್ಪು ನಿಲ್ಲದು ಎಂದು ಅಲ್ಲಿ ಹೇಳಿದ್ದನ್ನು ಇಂದಿಗೂ ಉಲ್ಲೇಖಿಸುತ್ತಾರೆ. ಪಕ್ಕದ ಮನೆಯವರಂತಿರುವ ಸಹೋದ್ಯೋಗಿಯ ಮೇಲೆ ಕೇಸು ಹಾಕುವುದು ಮುಜುಗರವೇ. ಹಾಕದಿದ್ದರೆ ಗೆದ್ದ ತೀರ್ಪು ಕೈಜಾರಬಹುದು.

ರದ್ದತಿಗೆ ಕೊಟ್ಟ ಕಾರಣ ಬದಲಾದರೆ ದಾರಿಯೂ ಬದಲಾಗುತ್ತದೆ

ಜಾತಿ ಪ್ರಮಾಣಪತ್ರವನ್ನು ಕಂದಾಯ ಇಲಾಖೆಯೋ ಜಿಲ್ಲಾ ಪರಿಶೀಲನಾ ಸಮಿತಿಯೋ ಅಸಿಂಧು ಎಂದಿದ್ದರೆ, ಡಿಡಿಪಿಐ ಆದೇಶದ ವಿರುದ್ಧವಷ್ಟೇ ಹೋರಾಡುವುದು ಬೇರು ಬಿಟ್ಟು ಎಲೆಗೆ ಮದ್ದು ಹೊಡೆದಂತೆ. ಡಿಡಿಪಿಐಗೆ ಬೇರೆ ಆಯ್ಕೆಯೇ ಇಲ್ಲ. 1990ರ ಮೀಸಲಾತಿ ಕಾಯ್ದೆಯ 4-ಎ ಅಡಿ ತಹಶೀಲ್ದಾರರು ಕೊಟ್ಟ ಅಥವಾ ನಿರಾಕರಿಸಿದ ಆದೇಶಕ್ಕೆ 4-ಬಿ ಅಡಿ ಉಪವಿಭಾಗಾಧಿಕಾರಿಗೆ ಮೇಲ್ಮನವಿ, ಅವಧಿ 30 ದಿನ. ಪರಿಶೀಲನಾ ಸಮಿತಿಯ ಆದೇಶಕ್ಕೆ ಅದೇ ಕಾಯ್ದೆಯಲ್ಲಿ ಬೇರೆ ಮೇಲ್ಮನವಿ ಇದೆ. ಎರಡು ಕಡೆಯೂ ಒಟ್ಟೊಟ್ಟಿಗೆ ಹೋಗಿ: ಅಲ್ಲಿ ಪ್ರಮಾಣಪತ್ರಕ್ಕಾಗಿ, ಕೆಎಟಿಯಲ್ಲಿ ಹುದ್ದೆ ಖಾಲಿ ಇಡಿಸಲು. ಜಾತಿಯ ಹಕ್ಕೇ ಸುಳ್ಳೆಂದು ಅಂತಿಮವಾಗಿ ತೀರ್ಮಾನವಾದರೆ, ಎಷ್ಟು ವರ್ಷ ಪಾಠ ಮಾಡಿದ್ದರೂ ಕೆಲಸ ಉಳಿಯುವುದಿಲ್ಲ. 2017ರ ಜಗದೀಶ್ ಬಾಲಾರಾಮ್ ಬಹೀರಾ ತೀರ್ಪಿನ ನಂತರ 'ಇಷ್ಟು ವರ್ಷ ಸೇವೆ ಸಲ್ಲಿಸಿದ್ದೇನೆ, ಕರುಣೆ ತೋರಿ' ಎಂಬ ವಾದಕ್ಕೆ ಬಲವಿಲ್ಲ. ಕಲ್ಯಾಣ ಕರ್ನಾಟಕದವರಿಗೆ ಸ್ಥಳೀಯ ಮೀಸಲಾತಿ ಕೊಡುವ 371-ಜೆ ವಿಧಿಯ ಅರ್ಹತಾ ಪ್ರಮಾಣಪತ್ರಕ್ಕೂ ಇದೇ ತರ್ಕ. ಅದನ್ನು ಕೊಡುವವರೇ ಉಪವಿಭಾಗಾಧಿಕಾರಿ, ಅಲ್ಲಿಂದಲೇ ಆರಂಭಿಸಬೇಕು.

ಪೊಲೀಸ್ ಪರಿಶೀಲನೆಯಲ್ಲಿ ಹಳೆಯ ಕ್ರಿಮಿನಲ್ ಪ್ರಕರಣ ಮುಚ್ಚಿಟ್ಟದ್ದು ಸಿಕ್ಕಿ ರದ್ದಾಗಿದ್ದರೆ 2016ರ ಅವತಾರ್ ಸಿಂಗ್ ತೀರ್ಪನ್ನು ಮುಂದಿಡಿ. ಮುಚ್ಚಿಟ್ಟ ಮಾತ್ರಕ್ಕೆ ಯಾಂತ್ರಿಕವಾಗಿ ತೆಗೆಯುವಂತಿಲ್ಲ, ಪ್ರಕರಣದ ಸ್ವರೂಪ, ಹುದ್ದೆಯ ಸ್ವರೂಪ ನೋಡಬೇಕು ಎಂದು ಅದು ಹೇಳುತ್ತದೆ. ಚಿಕ್ಕಪುಟ್ಟ ಜಗಳದ ಕೇಸಿಗೂ ಮಕ್ಕಳ ಮೇಲಿನ ಅಪರಾಧದ ಕೇಸಿಗೂ ಒಂದೇ ಅಳತೆ ಇಲ್ಲ. ಮತ್ತು ಶಿಕ್ಷಕ ಹುದ್ದೆಗೆ ಆ ಅಳತೆ ಬಿಗಿಯೇ.

ವಿದ್ಯಾರ್ಹತೆಯ ತಕರಾರಿದ್ದರೆ ದಿನಾಂಕ ನೋಡಿ. ಬಿ.ಇಡಿ. ಮಾಡಿದವರು 1ರಿಂದ 5ನೇ ತರಗತಿಗೆ ಅರ್ಹರಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು 2023ರ ಆಗಸ್ಟ್ 11ರಂದು, ದೇವೇಶ್ ಶರ್ಮಾ ಪ್ರಕರಣದಲ್ಲಿ. ಅದಕ್ಕೂ ಮೊದಲು ನಿಯಮದಂತೆ ನೇಮಕವಾಗಿದ್ದವರನ್ನು ಅದು ಮುಟ್ಟುವುದಿಲ್ಲ ಎಂದು 2024ರ ಏಪ್ರಿಲ್‌ನಲ್ಲಿ ಸ್ಪಷ್ಟನೆ ಬಂತು. ಟಿಇಟಿ (ಶಿಕ್ಷಕರ ಅರ್ಹತಾ ಪರೀಕ್ಷೆ) ವಿಚಾರದಲ್ಲಿ 2025ರ ಸೆಪ್ಟೆಂಬರ್ 1ರ ತೀರ್ಪು, ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಸೇವೆ ಉಳಿದಿರುವ ಸೇವಾನಿರತರಿಗೆ ತೇರ್ಗಡೆಯಾಗಲು ಎರಡು ವರ್ಷ ಕೊಟ್ಟಿತು.

ನೋಟಿಸ್ ಕೊಡದೆ ರದ್ದುಮಾಡಿದ್ದಾರೆ ಎಂಬ ವಾದ ಎಲ್ಲರ ಕೈಯಲ್ಲೂ ಇರುವ ಮೊದಲ ಅಸ್ತ್ರ. 1991ರ ಶ್ರವಣ್ ಕುಮಾರ್ ಝಾ ಪ್ರಕರಣದಲ್ಲಿ ಬಿಹಾರದ ಸಹಾಯಕ ಶಿಕ್ಷಕರ ನೇಮಕಾತಿಯನ್ನು ಅವರ ಮಾತು ಕೇಳದೆ ರದ್ದುಮಾಡಿದ್ದನ್ನು ಸುಪ್ರೀಂ ಕೋರ್ಟ್ ಈ ಒಂದೇ ಕಾರಣಕ್ಕೆ ತೆಗೆದುಹಾಕಿತು. ಆದರೆ ಈ ಅಸ್ತ್ರದಿಂದ ಗೆದ್ದವರಿಗೆ ಸಾಮಾನ್ಯವಾಗಿ ಸಿಗುವುದು 'ನೋಟಿಸ್ ಕೊಟ್ಟು, ವಿಚಾರಿಸಿ, ಹೊಸದಾಗಿ ಆದೇಶ ಮಾಡಿ' ಎಂಬ ನಿರ್ದೇಶನ. ಎರಡು ತಿಂಗಳ ನಂತರ ಅದೇ ರದ್ದತಿ ಮತ್ತೆ ಬರಬಹುದು, ಈ ಸಲ ನೋಟಿಸ್ ಸಹಿತ. ಆದ್ದರಿಂದ ಅರ್ಹತೆಯ ವಾದವನ್ನೂ ಅದೇ ಅರ್ಜಿಯಲ್ಲಿ ಪೂರ್ತಿ ಹಾಕಿ.

ಇಡೀ ನೇಮಕಾತಿಯೇ ಹಗರಣವಾಗಿದ್ದರೆ ಈ ವಾದವೂ ಉಳಿಯದು. ಪಶ್ಚಿಮ ಬಂಗಾಳದ 2016ರ ನೇಮಕಾತಿಯ 25,753 ಬೋಧಕ, ಬೋಧಕೇತರ ಹುದ್ದೆಗಳನ್ನು ರದ್ದುಮಾಡಿದ್ದನ್ನು 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ಕಳಂಕಿತರು ಯಾರು, ಅಲ್ಲದವರು ಯಾರು ಎಂದು ಬಿಡಿಸಲಾಗದಷ್ಟು ಪ್ರಕ್ರಿಯೆ ಕೆಟ್ಟಿದ್ದರೆ ಒಬ್ಬೊಬ್ಬರಿಗೆ ನೋಟಿಸ್ ಬೇಕಿಲ್ಲ. ಕಳಂಕಿತರು ಸಂಬಳ ಹಿಂದಿರುಗಿಸಬೇಕು, ಉಳಿದವರು ಬೇಡ ಎಂಬ ಭೇದ ಮಾತ್ರ ಉಳಿಯಿತು. ಇಂಥ ಸಾಮೂಹಿಕ ರದ್ದತಿಯಲ್ಲಿ ನಿಮ್ಮ ವಾದ ಒಂದೇ: ನನ್ನನ್ನು ಬೇರ್ಪಡಿಸಬಹುದು. ಅದಕ್ಕೆ 2006ರ ಇಂದರ್‌ಪ್ರೀತ್ ಸಿಂಗ್ ಕಾಹ್ಲೋನ್ ತೀರ್ಪಿದೆ. ಕಾಗದ ಬೇಕು: ನಿಮ್ಮ ಒಎಂಆರ್ ಉತ್ತರ ಹಾಳೆಯ ಕಾರ್ಬನ್ ಪ್ರತಿ, ಅಂತಿಮ ಕೀ ಉತ್ತರ, ದಾಖಲೆ ಪರಿಶೀಲನೆಯ ದಿನದ ಸ್ವೀಕೃತಿ. ಎಲ್ಲರೂ ಸೇರಿ ಒಂದೇ ಅರ್ಜಿ ಹಾಕಿದರೆ ಖರ್ಚು ಕಡಿಮೆ, ನಿಜ. ಆದರೆ ಆ ಗುಂಪಿನಲ್ಲಿ ಇಬ್ಬರ ಕಡತ ಕೊಳೆತಿದ್ದರೆ ಎಲ್ಲರದೂ ವಾಸನೆ ಹೊಡೆಯುತ್ತದೆ.

ಪ್ರೊಬೇಷನರಿ ಅವಧಿಯಲ್ಲಿ, ಅಂದರೆ ಮೊದಲ ಎರಡು ವರ್ಷದಲ್ಲಿ ಬಿಡುಗಡೆ ಮಾಡಿದ್ದರೆ ಆದೇಶದ ಪದಗಳೇ ಎಲ್ಲ. 'ಸೇವೆ ತೃಪ್ತಿಕರವಾಗಿಲ್ಲ' ಎಂದಷ್ಟೇ ಇದ್ದರೆ ಪ್ರಶ್ನಿಸುವುದು ಕಷ್ಟ. 'ಅಪ್ರಾಮಾಣಿಕ', 'ದುರ್ನಡತೆ' ಎಂಬಂಥ ಮಾತು ಇದ್ದರೆ, ಅಥವಾ ಉಲ್ಲೇಖದಲ್ಲಿ ಒಂದು ದೂರಿನ ತನಿಖಾ ವರದಿ ಕುಳಿತಿದ್ದರೆ, ಅದು ಕಳಂಕ ಹಚ್ಚುವ ಆದೇಶ, ವಿಚಾರಣೆ ನಡೆಸದೆ ಮಾಡುವಂತಿಲ್ಲ.

ಪಟ್ಟಿಯಲ್ಲಿ ಹೆಸರಿದ್ದು ನೇಮಕಾತಿ ಆದೇಶವೇ ಬಂದಿರದವರ ಕೈ ಎಲ್ಲರಿಗಿಂತ ಸಡಿಲ. ಆಯ್ಕೆಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಹುದ್ದೆಯ ಹಕ್ಕು ಹುಟ್ಟದು ಎಂದು 1991ರ ಶಂಕರ್ಸನ್ ದಾಸ್ ತೀರ್ಪು. ನಿರಾಕರಣೆ ಮನಸೋಇಚ್ಛೆಯದ್ದಾಗಿತ್ತು ಎಂದು ತೋರಿಸುವ ಹೊರೆ ನಿಮ್ಮದು.

ಖಾಸಗಿ ಶಾಲೆ: ಮೂರೇ ತಿಂಗಳು

ಇಲ್ಲಿ ಕೆಎಟಿ ಸಂಬಂಧವೇ ಇಲ್ಲ. ಆಡಳಿತ ಮಂಡಳಿ ತೆಗೆದುಹಾಕಿದರೆ 1983ರ ಕರ್ನಾಟಕ ಶಿಕ್ಷಣ ಕಾಯ್ದೆಯ 94ನೇ ಕಲಮಿನಡಿ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ, ಅಂದರೆ ಇಎಟಿಗೆ ಹೋಗಬೇಕು. ಅವಧಿ ಆದೇಶ ತಲುಪಿದ ದಿನದಿಂದ ಮೂರು ತಿಂಗಳು. ಪ್ರತ್ಯೇಕ ಕಟ್ಟಡ ಹುಡುಕಬೇಡಿ, ಜಿಲ್ಲಾ ನ್ಯಾಯಾಧೀಶರ ನ್ಯಾಯಾಲಯವೇ ಆ ಕೆಲಸ ಮಾಡುತ್ತದೆ. ವಿಚಾರಣೆ ನಡೆಸದೆ ವಜಾ ಮಾಡುವಂತಿಲ್ಲ ಎಂಬ 92ನೇ ಕಲಂ ನಿಮ್ಮ ಮುಖ್ಯ ಆಧಾರ. ಸಿಬಿಎಸ್‌ಇ, ಐಸಿಎಸ್‌ಇ ಶಾಲೆಯಾದರೆ ಕಾಯ್ದೆ ಎಷ್ಟರ ಮಟ್ಟಿಗೆ ಅನ್ವಯ ಎಂಬ ತಕರಾರನ್ನು ಶಾಲೆಯವರು ಮೊದಲ ದಿನವೇ ಎತ್ತುತ್ತಾರೆ, ಅದಕ್ಕೆ ವಕೀಲರು ಸಿದ್ಧರಾಗಿ ಹೋಗಬೇಕು.

ಖಾಸಗಿ ಶಾಲೆಗಳಲ್ಲಿ ಆದೇಶವನ್ನು ಬರೆದು ಕೊಡುವುದೇ ಕಡಿಮೆ. 'ನಾಳೆಯಿಂದ ಬರಬೇಡಿ' ಎನ್ನುತ್ತಾರೆ, ಹಾಜರಿ ಪುಸ್ತಕದಲ್ಲಿ ಹೆಸರು ಇರುವುದಿಲ್ಲ. ಆಗ ಮರುದಿನವೇ ಒಂದು ಕಾಗದ: 'ಇಂಥ ದಿನ ಬೆಳಿಗ್ಗೆ ಇಷ್ಟು ಗಂಟೆಗೆ ಶಾಲೆಗೆ ಬಂದೆ, ಸಹಿ ಹಾಕಲು ಬಿಡಲಿಲ್ಲ, ಕೆಲಸಕ್ಕೆ ಸಿದ್ಧಳಿದ್ದೇನೆ, ಲಿಖಿತ ಆದೇಶವಿದ್ದರೆ ಕೊಡಿ.' ಸ್ಪೀಡ್ ಪೋಸ್ಟ್‌ನಲ್ಲಿ ಆಡಳಿತ ಮಂಡಳಿಗೆ, ಪ್ರತಿ ಬಿಇಒಗೆ. ಇಷ್ಟಿಲ್ಲದಿದ್ದರೆ ಆರು ತಿಂಗಳ ಮೇಲೆ 'ಅವರೇ ಬಿಟ್ಟು ಹೋದರು' ಎಂಬ ಉತ್ತರ ಬರುತ್ತದೆ. ನೇಮಕಾತಿ ಪತ್ರವೇ ಇಲ್ಲದವರು ಪಿಎಫ್ ಪಾಸ್‌ಬುಕ್, ಸಂಬಳ ಜಮೆಯಾದ ಬ್ಯಾಂಕ್ ವಿವರ, ಯುಡೈಸ್ (ಶಾಲೆಗಳ ಸರ್ಕಾರಿ ದತ್ತಾಂಶ) ಮಾಹಿತಿಯಲ್ಲಿ ಶಾಲೆ ತುಂಬಿದ ಶಿಕ್ಷಕರ ಪಟ್ಟಿ ಇವನ್ನು ಕೂಡಿಸಿಡಿ. ಖಾಲಿ ಹಾಳೆಯ ಮೇಲೆ ರಾಜೀನಾಮೆಗೆ ಸಹಿ ಹಾಕಿಸಿಕೊಂಡಿದ್ದರೆ ಅದನ್ನು ಮೊದಲ ಪತ್ರದಲ್ಲೇ ಹೇಳಿಬಿಡಿ; ಆಮೇಲೆ ಹೇಳಿದರೆ ಯಾರೂ ನಂಬುವುದಿಲ್ಲ.

ಲೇಬರ್ ಕೋರ್ಟ್ ಬಾಗಿಲು ತಟ್ಟಬೇಡಿ. ಶಿಕ್ಷಕರು ಕಾರ್ಮಿಕ ಎಂಬ ವ್ಯಾಖ್ಯೆಗೆ ಬರುವುದಿಲ್ಲ ಎಂದು 1988ರ ಸುಂದರಾಂಬಾಳ್ ತೀರ್ಪು ಹೇಳಿ ಎಷ್ಟೋ ಕಾಲವಾಯಿತು. ಗ್ರಾಚ್ಯುಟಿ ಮಾತ್ರ ಬೇರೆ: 2009ರ ತಿದ್ದುಪಡಿ ಶಿಕ್ಷಕರನ್ನು 1997ರ ಏಪ್ರಿಲ್ 3ರಿಂದಲೇ ಸೇರಿಸಿದೆ, ಅದನ್ನು ಕಾರ್ಮಿಕ ಇಲಾಖೆಯಲ್ಲೇ ಕೇಳಬೇಕು. ಅನುದಾನರಹಿತ ಶಾಲೆಯ ವಿರುದ್ಧ ಸೇವಾ ವಿಷಯಕ್ಕೆ ರಿಟ್ ಕೂಡ ಸಾಮಾನ್ಯವಾಗಿ ನಿಲ್ಲದು, 2022ರ ಸೇಂಟ್ ಮೇರೀಸ್ ಎಜುಕೇಷನ್ ಸೊಸೈಟಿ ತೀರ್ಪು ಅದನ್ನು ಬಿಗಿಗೊಳಿಸಿದೆ. ಸಿವಿಲ್ ಕೋರ್ಟಿನಲ್ಲಿ ಹೆಚ್ಚೆಂದರೆ ಪರಿಹಾರ ಹಣ ಸಿಗಬಹುದು, ಕುರ್ಚಿ ಸಿಗುವುದಿಲ್ಲ.

ಅನುದಾನಿತ ಶಾಲೆಯಲ್ಲಿ ಒಂದು ವಿಚಿತ್ರ ಸ್ಥಿತಿ ಇದೆ. ಆಡಳಿತ ಮಂಡಳಿಗೆ ನೀವು ಬೇಕು, ಇಲಾಖೆ ನೇಮಕಾತಿಯ ಅನುಮೋದನೆಯನ್ನು ಹಿಂಪಡೆದಿದೆ, ಸಂಬಳ ನಿಂತಿದೆ. ಇದು ವಜಾ ಅಲ್ಲ, ಹಾಗಾಗಿ ಇಎಟಿ ಅಲ್ಲ. ನೀವು ಸರ್ಕಾರಿ ನೌಕರರೂ ಅಲ್ಲ, ಹಾಗಾಗಿ ಕೆಎಟಿಯೂ ಅಲ್ಲ. ಶಿಕ್ಷಣ ಕಾಯ್ದೆಯ 130ನೇ ಕಲಮಿನ ಮೇಲ್ಮನವಿ, 131ನೇ ಕಲಮಿನ ಪುನರ್‌ಪರಿಶೀಲನೆ, ಅಲ್ಲಿ ಆಗದಿದ್ದರೆ ಹೈಕೋರ್ಟಿನಲ್ಲಿ ರಿಟ್. ರಿಟ್ ನಿಜವಾಗಿ ಸರಿಯಾದ ಬಾಗಿಲಾಗುವುದು ಇಲ್ಲೇ. ಆಡಳಿತ ಮಂಡಳಿಯೂ ಜೊತೆಗೆ ಅರ್ಜಿದಾರರಾದರೆ ಬಲ ಹೆಚ್ಚು. ರೋಸ್ಟರ್ (ಮೀಸಲು ಹುದ್ದೆಗಳ ಸರದಿ ಪಟ್ಟಿ), ಖಾಲಿ ಹುದ್ದೆಯ ಅನುಮತಿ ಪತ್ರ ಎಲ್ಲ ಇರುವುದು ಅವರ ಬೀರುವಿನಲ್ಲಿ.

ಕೇಂದ್ರೀಯ ವಿದ್ಯಾಲಯ, ನವೋದಯ ವಿದ್ಯಾಲಯದವರು ಕೇಂದ್ರ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠಕ್ಕೆ ಹೋಗಬೇಕು. ಅವಧಿ ಅದೇ ಒಂದು ವರ್ಷ, ಅರ್ಜಿ ಶುಲ್ಕ 50 ರೂಪಾಯಿ.

ಅತಿಥಿ ಶಿಕ್ಷಕರಿಗೆ ಹೇಳುವುದು ಕಡಿಮೆ. 2006ರ ಉಮಾದೇವಿ ತೀರ್ಪು ಹುಟ್ಟಿದ್ದು ಕರ್ನಾಟಕದಿಂದಲೇ. ಕಾಯಂ ಹಕ್ಕಿನ ವಾದ ಅಲ್ಲಿಗೆ ನಿಂತಿದೆ. ಕೆಲಸ ಮಾಡಿದ ತಿಂಗಳ ಗೌರವಧನ ಬಾಕಿ ಇದ್ದರೆ ಅದನ್ನು ಕೇಳಿ, ಅದು ಸಿಗುವಂಥದ್ದು.

ದಾಖಲೆ, ದುಡ್ಡು, ಜಾರಿ

ರದ್ದತಿಯ ಕಡತದ ಟಿಪ್ಪಣಿ ಪುಟಗಳನ್ನು ಮಾಹಿತಿ ಹಕ್ಕಿನಡಿ ಕೇಳಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಅರ್ಜಿ ಒಂದೇ ವಿಷಯಕ್ಕೆ ಸೀಮಿತವಾಗಿ 150 ಪದದೊಳಗಿರಬೇಕು, ಕಥೆ ಬರೆದರೆ ತಿರಸ್ಕರಿಸಲು ನೆಪವಾಗುತ್ತದೆ. 'ದಿನಾಂಕ ಇಂಥದ್ದರ ಆದೇಶ ಸಂಖ್ಯೆ ಇಂಥದ್ದಕ್ಕೆ ಸಂಬಂಧಿಸಿದ ಕಡತದ ಟಿಪ್ಪಣಿ ಹಾಳೆ ಹಾಗೂ ಪತ್ರವ್ಯವಹಾರದ ದೃಢೀಕೃತ ಪ್ರತಿ' ಎಂದು ಬರೆದರೆ ಸಾಕು. ಗುಮಾಸ್ತರ ಟಿಪ್ಪಣಿಯಲ್ಲಿ 'ನೋಟಿಸ್ ನೀಡಬಹುದು' ಎಂದಿದ್ದು, ಮೇಲಿನವರು ಅದನ್ನು ದಾಟಿ ಸಹಿ ಹಾಕಿರುವುದು ಸಿಕ್ಕರೆ ಅದರಷ್ಟು ಬಲವಾದ ಕಾಗದ ಬೇರೊಂದಿಲ್ಲ. ಆದರೆ ಆರ್‌ಟಿಐ ಉತ್ತರಕ್ಕೆ ಕಾದು ಕೆಎಟಿ ಅರ್ಜಿ ತಡಮಾಡಬೇಡಿ, ಅರ್ಜಿ ಹಾಕಿ ಆಮೇಲೆ ಹೆಚ್ಚುವರಿ ದಾಖಲೆಯಾಗಿ ಸೇರಿಸಬಹುದು.

ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನಡಿ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರಿಗೆ ಅರ್ಹರು. ಜಿಲ್ಲಾ ನ್ಯಾಯಾಲಯದ ಆವರಣದಲ್ಲೇ ಕಚೇರಿ ಇರುತ್ತದೆ. ಶಿಕ್ಷಕಿಯರಲ್ಲೇ ಎಷ್ಟೋ ಜನಕ್ಕೆ ಇದು ಗೊತ್ತಿಲ್ಲ.

ಹಿಂಬಾಕಿ ಸಂಬಳ ಬೇಕೆಂದರೆ ಅರ್ಜಿಯಲ್ಲೇ ಒಂದು ಸಾಲು ಇರಲೇಬೇಕು: ಈ ಅವಧಿಯಲ್ಲಿ ಬೇರೆಲ್ಲೂ ಸಂಬಳದ ಕೆಲಸದಲ್ಲಿ ಇರಲಿಲ್ಲ ಎಂದು. 2013ರ ದೀಪಾಲಿ ಗುಂಡು ಸುರ್ವಸೆ ತೀರ್ಪು ಒಬ್ಬ ಪ್ರಾಥಮಿಕ ಶಾಲಾ ಶಿಕ್ಷಕಿಯದೇ. ಅಕ್ರಮವಾಗಿ ತೆಗೆದವರನ್ನು ಮರಳಿ ಸೇರಿಸಿಕೊಂಡರೆ ಪೂರ್ಣ ಹಿಂಬಾಕಿ ಸಹಜ ನಿಯಮ ಎಂದು ಅಲ್ಲಿದೆ, ಆದರೆ ಆ ಸಾಲು ಹೇಳಿಕೊಂಡವರಿಗೆ ಮಾತ್ರ. ಟ್ಯೂಷನ್ ಮಾಡುತ್ತಿದ್ದರೆ ಮುಚ್ಚಿಡದೆ ಆ ಆದಾಯವನ್ನು ಹೇಳಿ. ಪಡೆದ ಸಂಬಳ ವಾಪಸ್ ಕೊಡಿ ಎಂಬ ಆದೇಶವೂ ಜೊತೆಗೆ ಬಂದಿದ್ದರೆ, ನಿಮ್ಮ ಕಡೆಯಿಂದ ವಂಚನೆ ಇಲ್ಲದಿದ್ದಾಗ ಸಿ ಗುಂಪಿನ ನೌಕರರಿಂದ ವಸೂಲಿ ಸಲ್ಲದು ಎಂಬ 2015ರ ರಫೀಕ್ ಮಸೀಹ್ ತೀರ್ಪು ಆಧಾರವಾಗುತ್ತದೆ. ಅದನ್ನು ಪ್ರತ್ಯೇಕ ಕೋರಿಕೆಯಾಗಿ ಕೇಳಿ, ಕೇಳದಿದ್ದರೆ ಸಿಗುವುದಿಲ್ಲ.

ಗೆದ್ದ ಮೇಲೂ ಕೆಲಸ ಇದೆ. ಆದೇಶದ ದೃಢೀಕೃತ ಪ್ರತಿಯನ್ನು ಕರ್ತವ್ಯಕ್ಕೆ ಹಾಜರಾಗುವ ಪತ್ರದ ಜೊತೆ ಡಿಡಿಪಿಐ ಕಚೇರಿಯ ಟಪಾಲಿನಲ್ಲಿ ಕೊಟ್ಟು ಸೀಲು ಹಾಕಿಸಿಕೊಳ್ಳಿ. ನ್ಯಾಯಮಂಡಳಿ ಕೊಟ್ಟ ಗಡುವು ಮೀರಿದರೆ ಒಂದು ಜ್ಞಾಪನೆ ಪತ್ರ, ಆಮೇಲೆ ನ್ಯಾಯಾಂಗ ನಿಂದನೆ ಅರ್ಜಿ. 1985ರ ಕಾಯ್ದೆಯ 17ನೇ ಕಲಮಿನಡಿ ಕೆಎಟಿಗೆ ಆ ಅಧಿಕಾರ ಇದೆ, ಅವಧಿ ಒಂದು ವರ್ಷ. ಸರ್ಕಾರ ಹೈಕೋರ್ಟಿಗೆ ಹೋಗುವ ಸುಳಿವಿದ್ದರೆ ಕೇವಿಯಟ್, ಅಂದರೆ ನನ್ನ ಮಾತು ಕೇಳದೆ ಆದೇಶ ಮಾಡಬೇಡಿ ಎಂಬ ಮುಂಚಿತ ಅರ್ಜಿ, ಹಾಕಿಡಿ. ಅದರ ಆಯುಸ್ಸು 90 ದಿನ, ತೊಂಬತ್ತೊಂದನೆಯ ದಿನಕ್ಕೆ ಮತ್ತೊಂದು ಬೇಕು.